ಮಾತಿಲ್ಲದ ತುಂಟರು

ಮಕ್ಕಳಿರುವ ಮನೆಯಲ್ಲಿ ದಿನಕ್ಕೆ ಹತ್ತು ಸಲವಾದರೂ ಕೇಳಿಬರುವ ಪ್ರಶ್ನೆ ಒಂದಿದೆ: “ಸುಮ್ಮನೆ ಕೂತಿರೋಕೆ ಆಗೋಲ್ವೇನೋ ನಿನಗೆ?” ಧಾರವಾಡದ ಕಡೆಯವರು ಅದನ್ನೇ “ಸುಮ್ನ ಕುಂದರಾಕ ಬರೂದಿಲ್ಲೇನೋ ನಿನಗ?” ಎಂದು ಗದರುತ್ತಾರೆ. ಮುಂಬಯಿಯ ಚಾಳಿನಲ್ಲಾಗಲಿ, ಪುಣೆಯ ವಾಡೆಯಲ್ಲಾಗಲಿ, ದಿಲ್ಲಿಯ ಸರಕಾರಿ ವಸತಿಯಲ್ಲಾಗಲಿ ನೆಲಸಿರುವ ನಮ್ಮ ಕುಟುಂಬಗಳಲ್ಲಿ ಈ ಪ್ರಶ್ನೆಗೆ ಮಕ್ಕಳು ಸಮರ್ಪಕವಾದ ಉತ್ತರ ಕೊಟ್ಟದ್ದನ್ನು ನಾವಂತೂ ಕೇಳಿಲ್ಲ. ಪಾಪ, ಅವು ಹೇಳುವುದಾದರೂ ಏನನ್ನು? ಕೈ ಏಕೆ ಮುಂದೆ ಹೋಯಿತು, ಕಾಲು ಏಕೆ ಅಲ್ಲಿ ಇಟ್ಟಿತು ಎಂಬುದನ್ನು ವಿವರಿಸುವಷ್ಟು ಮಾತು ಆ ವಯಸ್ಸಿಗೆ ಬಂದಿರುವುದಿಲ್ಲ.

ಸಿನಿಮಾ ಎಂಬುದು ಹುಟ್ಟಿದ ಹೊಸತರಲ್ಲಿ ಅದಕ್ಕೂ ಮಾತು ಬಂದಿರಲಿಲ್ಲ. ೧೮೯೫ರಿಂದ ಹೆಚ್ಚು ಕಡಿಮೆ ೩೫ ವರ್ಷಗಳ ಕಾಲ ಬೆಳ್ಳಿತೆರೆಯ ಮೇಲೆ ಜನ ಓಡಿದರು, ಬಿದ್ದರು, ಅತ್ತರು, ನಕ್ಕರು. ಅವರ ದನಿ ಮಾತ್ರ ಪ್ರೇಕ್ಷಕರಿಗೆ ಕೇಳಿಸಲಿಲ್ಲ. ಆ ಮೂಕಚಿತ್ರಗಳ ಕಾಲದಲ್ಲಿ ಜನರನ್ನು ನಗಿಸಲು ಹೊರಟವರಿಗೆ ತುಂಟ ಮಗುವಿನಷ್ಟು ಒದಗಿಬಂದ ಪಾತ್ರ ಅಪರೂಪ. ಒಂದು ಮಾತೂ ಆಡದೆ ತನ್ನ ಮನಸ್ಸನ್ನೆಲ್ಲ ಕೈಕಾಲುಗಳಲ್ಲೇ ತೋರಿಸುವ ಪ್ರಾಣಿ ಮಗುವಲ್ಲದೆ ಬೇರೆ ಯಾವುದಿದೆ?

ಅಂಥ ಕೆಲವು ಚಿತ್ರಗಳನ್ನು ಇಲ್ಲಿ ಓದುಗರ ನೆನಪಿಗೆ ತರಬೇಕೆಂದಿದ್ದೇವೆ. ನಾವು ಹೇಳಬೇಕೆಂದಿರುವುದು ಇಷ್ಟೇ: ತುಂಟತನವೆಂದು ನಾವು ಬಯ್ಯುವುದರಲ್ಲಿ ಬಹುಪಾಲು, ಮಗು ತನ್ನ ಕೈಯಿಂದ ಮಾಡುವ ಯೋಚನೆ. ಆ ಯೋಚನೆಯನ್ನು ಅಡ್ಡಿಮಾಡದೆ ಕೂತು ನೋಡುವ ತಾಳ್ಮೆ ಈ ಹಳೆಯ ಹಾಸ್ಯಚಿತ್ರಗಳಿಗಿತ್ತು.

ನೀರಿನ ಕೊಳವೆ

೧೮೯೫ನೆಯ ಇಸವಿ ಡಿಸೆಂಬರ್ ೨೮ರಂದು ಪ್ಯಾರಿಸ್ ನಗರದ ಗ್ರಾಂ ಕಫೆಯ ನೆಲಮಾಳಿಗೆಯಲ್ಲಿ ಲೂಮಿಯೇರ್ ಸೋದರರ ಚಲಿಸುವ ಚಿತ್ರಗಳನ್ನು ಜನರಿಗೆ ತೋರಿಸಲಾಯಿತು. ಟಿಕೇಟಿನ ದರ ೧ ಫ್ರಾಂಕ್; ಚಿತ್ರಗಳು ೧೦; ಒಂದೊಂದೂ ಒಂದು ನಿಮಿಷಕ್ಕೆ ತುಸು ಕಡಿಮೆ. ಕಾರ್ಖಾನೆಯಿಂದ ಕೆಲಸಗಾರರು ಹೊರಬರುವುದು, ಕೂಸಿಗೆ ತಿನ್ನಿಸುವುದು, ಸಮುದ್ರದಲ್ಲಿ ಈಜುವುದು, ಹೀಗೆ ಕಂಡದ್ದನ್ನು ಕಂಡ ಹಾಗೆ ತೆಗೆದ ನೋಟಗಳೇ ಹೆಚ್ಚು. ಅವುಗಳ ನಡುವೆ ಕತೆಯೆನ್ನಬಹುದಾದ ಚಿತ್ರವೊಂದಿತ್ತು. ಅದರ ನಾಯಕ ಒಬ್ಬ ತುಂಟ ಹುಡುಗ.

ತೋಟದ ಮಾಲಿ ರಬ್ಬರ್ ಕೊಳವೆ ಹಿಡಿದು ಗಿಡಗಳಿಗೆ ನೀರು ಬಿಡುತ್ತಿದ್ದಾನೆ. ಹಿಂದಿನಿಂದ ಹುಡುಗನೊಬ್ಬ ಬಂದು ಕೊಳವೆಯ ಮೇಲೆ ಕಾಲಿಡುತ್ತಾನೆ. ನೀರು ನಿಲ್ಲುತ್ತದೆ. ಮಾಲಿ ಏನಾಯಿತೆಂದು ಕೊಳವೆಯ ಬಾಯನ್ನು ಮುಖದ ಹತ್ತಿರ ಹಿಡಿದು ನೋಡುತ್ತಾನೆ. ಹುಡುಗ ಕಾಲು ತೆಗೆಯುತ್ತಾನೆ. ನೀರು ಚಿಮ್ಮಿ ಮಾಲಿಯ ಮುಖಕ್ಕೆ ಬಡಿದು ಟೋಪಿ ಹಾರಿಹೋಗುತ್ತದೆ. ಮಾಲಿ ಅಟ್ಟಿಸಿಕೊಂಡು ಹೋಗಿ ಹುಡುಗನನ್ನು ಹಿಡಿದು, ನಾಲ್ಕು ಬಿಟ್ಟು, ಮತ್ತೆ ತನ್ನ ಕೆಲಸಕ್ಕೆ ಹಿಂದಿರುಗುತ್ತಾನೆ. ಇಷ್ಟೇ ಕತೆ. ‘ನೀರು ಬಿಡುವವನಿಗೇ ನೀರು’ ಎಂಬರ್ಥದ ಹೆಸರಿನಿಂದ ಅದು ಲೋಕಪ್ರಸಿದ್ಧವಾಯಿತು. ಮರುವರ್ಷ ಅಚ್ಚಾದ ಲೂಮಿಯೇರರ ಭಿತ್ತಿಪತ್ರದ ಮೇಲೂ ಈ ಚಿತ್ರವನ್ನು ನೋಡಿ ನಗುತ್ತಿರುವ ಜನರೇ ಇದ್ದಾರೆ.

ಇಂಥ ಹಾಸ್ಯ ಆಗಲೇ ಪತ್ರಿಕೆಗಳ ಚಿತ್ರಕತೆಗಳಲ್ಲಿ ಬಂದಿತ್ತು. ಲೂಮಿಯೇರರ ಮನೆಯ ಕಿರಿಯ ತಮ್ಮ ಮಾಡಿದ ಚೇಷ್ಟೆಯೇ ಇದಕ್ಕೆ ಮೂಲವೆಂಬ ಮಾತೂ ಉಂಟು. ಮೂಲ ಯಾವುದಾದರೂ ಇರಲಿ, ಚಿತ್ರದಲ್ಲಿ ಗಮನಿಸಬೇಕಾದದ್ದು ಹುಡುಗ ಕಾಲಿಟ್ಟು ನಿಂತು ಕಾಯುವ ಆ ಕ್ಷಣಗಳು. ನೀರು ನಿಂತಾಗಲೇ ಓಡಿಹೋಗಿದ್ದರೆ ಅದು ಬರಿಯ ತೊಂದರೆ ಎನಿಸುತ್ತಿತ್ತು. ಅವನು ಓಡುವುದಿಲ್ಲ. ನೀರು ನಿಂತರೆ ಮಾಲಿ ಏನು ಮಾಡುತ್ತಾನೆ, ಎಲ್ಲಿ ನೋಡುತ್ತಾನೆ, ಯಾವಾಗ ಕಾಲು ತೆಗೆದರೆ ಸರಿ ಎಂಬುದೆಲ್ಲ ಅವನ ಮನಸ್ಸಿನಲ್ಲಿ ಆಗಲೇ ನಡೆದುಹೋಗಿದೆ. ಮಾಲಿಯ ಮುಖ ಒದ್ದೆಯಾಗುವ ಮೊದಲೇ ಹುಡುಗ ಆ ಒದ್ದೆಮುಖವನ್ನು ಕಂಡಿದ್ದಾನೆ. ಕಲ್ಪನೆ ಎಂಬ ದೊಡ್ಡ ಮಾತಿಗೆ ಇದಕ್ಕಿಂತ ಸರಳವಾದ ಅರ್ಥ ಬೇಕೆ?

ಇನ್ನೊಂದು ಸಂಗತಿ ಇದೆ. ಹುಡುಗ ಓಡುತ್ತ ಓಡುತ್ತ ಚಿತ್ರದ ಅಂಚಿಗೆ ಬಂದುಬಿಡುತ್ತಾನೆ. ಕ್ಯಾಮರಾ ನಿಂತಲ್ಲೇ ನಿಂತಿದೆ. ಮಾಲಿ ಅವನನ್ನು ಹಿಡಿದು, ಎಳೆದು ತಂದು, ನಮ್ಮೆದುರಿಗೇ ಶಿಕ್ಷಿಸುತ್ತಾನೆ. ಹಿರಿಯರ ಲೋಕದ ನ್ಯಾಯ ಎಲ್ಲರಿಗೂ ಕಾಣುವಂತೆ ನಡೆಯಲೇಬೇಕು! ಆದರೂ ನೋಡಿದವರು ನೆನಪಿಟ್ಟುಕೊಂಡದ್ದು ಪೆಟ್ಟನ್ನಲ್ಲ, ಹಾರಿದ ಟೋಪಿಯನ್ನು.

ಅಜ್ಜಿಯ ಭೂತಗನ್ನಡಿ

ಐದು ವರ್ಷಗಳ ಅನಂತರ, ೧೯೦೦ರಲ್ಲಿ, ಇಂಗ್ಲೆಂಡಿನ ಹೋವ್ ಎಂಬ ಕಡಲ ತಡಿಯ ಊರಿನಲ್ಲಿ ಜಾರ್ಜ್ ಆಲ್ಬರ್ಟ್ ಸ್ಮಿತ್ ಎಂಬವರು ಒಂದು ಪುಟ್ಟ ಚಿತ್ರ ತೆಗೆದರು. ಅಜ್ಜಿ ಹೊಲಿಗೆಯಲ್ಲಿ ತೊಡಗಿದ್ದಾಳೆ. ಮೊಮ್ಮಗನ ಕೈಗೆ ಅವಳ ಭೂತಗನ್ನಡಿ ಸಿಕ್ಕಿದೆ. ಹುಡುಗ ಅದನ್ನು ಹಿಡಿದು ಪತ್ರಿಕೆಯ ಅಕ್ಷರ ನೋಡುತ್ತಾನೆ. ಗಡಿಯಾರದ ಒಳಗಿನ ಚಕ್ರಗಳನ್ನು ನೋಡುತ್ತಾನೆ. ಪಂಜರದ ಹಕ್ಕಿಯನ್ನು ನೋಡುತ್ತಾನೆ. ಬೆಕ್ಕಿನ ಮರಿಯ ಮುಖ ನೋಡುತ್ತಾನೆ. ಅಷ್ಟಕ್ಕೆ ತೃಪ್ತಿಯಿಲ್ಲ, ಅಜ್ಜಿಯ ಕಣ್ಣನ್ನೂ ನೋಡುತ್ತಾನೆ. ಅವನು ನೋಡಿದ್ದನ್ನೆಲ್ಲ ತೆರೆಯ ಮೇಲೆ ದುಂಡನೆಯ ಚೌಕಟ್ಟಿನೊಳಗೆ ಬೃಹದಾಕಾರದಲ್ಲಿ ನಮಗೂ ತೋರಿಸುತ್ತಾರೆ. ಅಜ್ಜಿಯ ಕಣ್ಣು ತೆರೆಯ ತುಂಬ ಹೊರಳುತ್ತದೆ.

ಸಿನಿಮಾದ ಚರಿತ್ರೆ ಬರೆದವರು ಈ ಚಿತ್ರಕ್ಕೆ ವಿಶೇಷ ಸ್ಥಾನ ಕೊಡುತ್ತಾರೆ. ಅದಕ್ಕೆ ಕಾರಣವಿದೆ. ಅದುವರೆಗೆ ಕ್ಯಾಮರಾ ನಾಟಕಶಾಲೆಯಲ್ಲಿ ಕೂತ ಪ್ರೇಕ್ಷಕನ ಹಾಗೆ ದೂರದಲ್ಲಿ ನಿಂತು ಎಲ್ಲವನ್ನೂ ನೋಡುವುದೇ ವಾಡಿಕೆ. ಇಲ್ಲಿ ಅದು ಒಬ್ಬ ಪಾತ್ರದ ಕಣ್ಣಿನೊಳಗೆ ಹೊಕ್ಕಿತು. ಅವನಿಗೆ ಕಂಡದ್ದನ್ನು ಕಂಡ ಹಾಗೆ ನಮಗೆ ತೋರಿಸಿತು. ಈಗ ಯಾವ ಸಿನಿಮಾದಲ್ಲಾದರೂ ನಾಯಕ ಒಂದು ಕಡೆ ನೋಡಿದರೆ, ಮರುಕ್ಷಣ ಅವನು ನೋಡಿದ ವಸ್ತು ನಮಗೂ ಕಾಣುತ್ತದೆ. ಆ ವಿದ್ಯೆಯ ಆರಂಭದ ಪಾಠಗಳಲ್ಲಿ ಒಂದನ್ನು ಸಿನಿಮಾ ಕಲಿತದ್ದು ಅಜ್ಜಿಯ ಸಾಮಾನಿಗೆ ಕೈಹಾಕಿದ ಹುಡುಗನಿಂದ ಎಂಬುದು ಚೆಲುವಾದ ಸಂಗತಿಯಲ್ಲವೆ?

“ಅಜ್ಜಿಯ ಕನ್ನಡಕ ಮುಟ್ಟಬೇಡ” ಎಂದು ಹೇಳದ ಮನೆ ಯಾವುದು? ಹೇಳಬೇಕಾದದ್ದೇ, ಒಡೆದರೆ ಹೊಸದು ತರಬೇಕು. ಆದರೂ, ಮುಟ್ಟಿದವನಿಗೆ ಅಲ್ಲಿ ಏನು ಕಂಡಿತು ಎಂದು ಕೇಳುವ ಅಜ್ಜಿಯಂದಿರು ಇದ್ದರೆ ಆ ಮನೆ ಪುಣ್ಯದ್ದು. ಸ್ಮಿತ್ ಅವರ ಚಿತ್ರದ ಅಜ್ಜಿಯಂತೂ ಗದರುವ ಗೋಜಿಗೆ ಹೋಗದೆ ತನ್ನ ಕಣ್ಣನ್ನೇ ಮೊಮ್ಮಗನ ಆಟಕ್ಕೆ ಒಡ್ಡುತ್ತಾಳೆ.

ಗೋಕುಲದ ಹುಡುಗನಾದ ಹುಡುಗಿ

ಲೂಮಿಯೇರರ ಚಿತ್ರಗಳು ೧೮೯೬ರ ಜುಲೈ ೭ರಂದೇ ಮುಂಬಯಿಯ ವಾಟ್ಸನ್ ಹೋಟೆಲಿಗೆ ಬಂದಿದ್ದವು. ಆದರೆ ನಮ್ಮವರೇ ತೆಗೆದ ತುಂಟ ಮಗುವಿನ ಚಿತ್ರಕ್ಕೆ ಇನ್ನೂ ಕೆಲವು ವರ್ಷ ಕಾಯಬೇಕಾಯಿತು. ತುಂಟ ಮಗುವೆಂದರೆ ಭಾರತೀಯರ ಕಣ್ಣಿಗೆ ಮೊದಲು ಬರುವವನು ಯಾರೆಂದು ಹೇಳಬೇಕಾಗಿಲ್ಲ. ಬೇರೆ ದೇಶಗಳಲ್ಲಿ ತುಂಟನಿಗೆ ಕೊನೆಯಲ್ಲಿ ಪೆಟ್ಟು. ನಮ್ಮಲ್ಲಿ ಅವನಿಗೆ ಪೂಜೆ! ಬೆಣ್ಣೆ ಕದ್ದವನನ್ನು ಒರಳಿಗೆ ಕಟ್ಟಿದ ತಾಯಿಯ ಕತೆಯನ್ನು ನಮ್ಮ ದಾಸವರೇಣ್ಯರು ಮನೆಮನೆಗೂ ಮುಟ್ಟಿಸಿದ್ದಾರೆ.

ದಾದಾಸಾಹೇಬ ಫಾಲ್ಕೆಯವರು ೧೯೧೩ರಲ್ಲಿ ‘ರಾಜಾ ಹರಿಶ್ಚಂದ್ರ’ ತೆಗೆದಾಗ ರೋಹಿತಾಶ್ವನ ಪಾತ್ರಕ್ಕೆ ತಮ್ಮ ಮಗ ಭಾಲಚಂದ್ರನನ್ನೇ ನಿಲ್ಲಿಸಿದ್ದರು. ೧೯೧೯ರಲ್ಲಿ ‘ಕಾಲಿಯಾ ಮರ್ದನ’ ತೆಗೆದಾಗ ಬಾಲಕೃಷ್ಣನಾದವಳು ಅವರ ಪುಟ್ಟ ಮಗಳು ಮಂದಾಕಿನಿ. ಚಿತ್ರದ ಮೊದಲಿಗೇ ಫಾಲ್ಕೆಯವರು ಒಂದು ಸೊಗಸು ಮಾಡಿದ್ದಾರೆ. ಮಂದಾಕಿನಿ ಕೃಷ್ಣನ ವೇಷವಿಲ್ಲದೆ ತಾನು ತಾನಾಗಿಯೇ ಬಂದು ನಮ್ಮನ್ನು ನೋಡುತ್ತಾಳೆ. ಒಂದಾದ ಮೇಲೊಂದು ಭಾವವನ್ನು ಮುಖದಲ್ಲಿ ತೋರಿಸುತ್ತಾಳೆ. ಅನಂತರ ನೋಡನೋಡುತ್ತಿದ್ದಂತೆಯೇ ಅವಳು ಕೃಷ್ಣನಾಗಿಬಿಡುತ್ತಾಳೆ. “ಇವಳು ಆಡುತ್ತಿರುವುದು ಆಟ, ನೆನಪಿರಲಿ” ಎಂದು ಹೇಳಿಯೇ ಆಟಕ್ಕೆ ಕರೆದ ಹಾಗಿದೆ.

ಮುಂದಿನದು ಗೋಕುಲದ ಪೋಕರಿತನ. ಗೆಳೆಯರ ದಂಡು ಕಟ್ಟಿಕೊಂಡು ಬೆಣ್ಣೆ ಕದಿಯುವುದು, ನೆರೆಹೊರೆಯವರಿಗೆ ಕೀಟಲೆ ಕೊಡುವುದು, ಸಿಕ್ಕಿಬಿದ್ದಾಗ ಮುಗ್ಧಮುಖ ಮಾಡುವುದು. ಕೊನೆಗೆ ಅದೇ ಹುಡುಗ ಮಡುವಿಗೆ ಧುಮುಕಿ ಕಾಲಿಯನೊಡನೆ ಸೆಣಸುತ್ತಾನೆ. ನೀರಿನೊಳಗಿನ ಹೋರಾಟವನ್ನೂ ದಡದಲ್ಲಿ ಎದೆ ಬಡಿದುಕೊಳ್ಳುತ್ತಿರುವ ಜನರನ್ನೂ ಫಾಲ್ಕೆಯವರು ಒಂದರ ಬೆನ್ನಿಗೆ ಒಂದನ್ನು ತೋರಿಸುತ್ತ ಹೋಗುತ್ತಾರೆ. ಮನೆಮನೆಯ ಗಡಿಗೆ ಒಡೆದ ಧೈರ್ಯವೂ ಹಾವಿನ ಹೆಡೆ ತುಳಿದ ಧೈರ್ಯವೂ ಒಂದೇ ಎಂಬುದನ್ನು ಬಿಡಿಸಿ ಹೇಳುವ ಅಗತ್ಯ ಅವರಿಗೆ ಕಾಣಲಿಲ್ಲ. ನೋಡುವವರಿಗೆ ಅದು ತಾನೇ ತಿಳಿಯುತ್ತದೆ.

ನಮ್ಮ ಮೂಕಚಿತ್ರಗಳಲ್ಲಿ ಬಹುಪಾಲು ಅಳಿದುಹೋಗಿವೆ. ‘ಕಾಲಿಯಾ ಮರ್ದನ’ದ ಹೆಚ್ಚಿನ ಭಾಗ ಮಾತ್ರ ನಮ್ಮ ಪುಣ್ಯದಿಂದ ಉಳಿದಿದೆ. ೧೯೬೪ರಲ್ಲಿ ಪುಣೆಯಲ್ಲಿ ಆರಂಭವಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವೂ, ಅಲ್ಲಿ ಹಳೆಯ ಸುರುಳಿಗಳನ್ನು ಹುಡುಕಿ ಹುಡುಕಿ ಕೂಡಿಹಾಕಿದ ಪಿ. ಕೆ. ನಾಯರ್ ಅವರೂ ಇದಕ್ಕಾಗಿ ಸ್ಮರಣೀಯರು.

ಕಲ್ಲೆಸೆಯುವ ಮಗ, ಗಾಜು ಹಾಕುವ ಅಪ್ಪ

ಮಂದಾಕಿನಿ ಕೃಷ್ಣನಾದ ವರ್ಷವೇ ಅಮೆರಿಕದಲ್ಲಿ ಚಾರ್ಲಿ ಚಾಪ್ಲಿನ್ ತಮ್ಮ ‘ದಿ ಕಿಡ್’ ಚಿತ್ರವನ್ನು ಆರಂಭಿಸಿದರು. ೧೯೧೯ರ ಜುಲೈಯಲ್ಲಿ ಅವರ ಮೊದಲ ಮಗು ಹುಟ್ಟಿ ಮೂರೇ ದಿನಕ್ಕೆ ತೀರಿಕೊಂಡಿತ್ತು. ಆ ದಿನಗಳಲ್ಲೇ ಅವರು ಲಾಸ್ ಏಂಜಲೀಸಿನ ರಂಗಮಂದಿರವೊಂದರಲ್ಲಿ ತಂದೆಯ ಜೊತೆ ವೇದಿಕೆಗೆ ಬಂದ ಜಾಕಿ ಕೂಗನ್ ಎಂಬ ನಾಲ್ಕು ವರ್ಷದ ಪೋರನನ್ನು ಕಂಡರು. ೧೯೨೧ರಲ್ಲಿ ಚಿತ್ರ ತೆರೆಗೆ ಬಂತು.

ಕತೆ ಬಹುಮಂದಿಗೆ ಗೊತ್ತಿರುವುದೇ. ಯಾರೋ ಬಿಟ್ಟುಹೋದ ಕೂಸೊಂದು ಬಡ ಅಲೆಮಾರಿಯ ಕೈಗೆ ಸಿಗುತ್ತದೆ. ಅವನು ಅದನ್ನು ಸಾಕುತ್ತಾನೆ. ಹುಡುಗನಿಗೆ ಐದು ವರ್ಷವಾಗುವಷ್ಟರಲ್ಲಿ ಇಬ್ಬರೂ ಸೇರಿ ಒಂದು ಉದ್ಯೋಗ ಹೂಡಿದ್ದಾರೆ: ಮಗ ಮುಂದೆ ಹೋಗಿ ಮನೆಗಳ ಕಿಟಕಿಗೆ ಕಲ್ಲು ಹೊಡೆಯುವುದು, ಬೆನ್ನಮೇಲೆ ಗಾಜು ಹೊತ್ತ ಅಪ್ಪ ಏನೂ ಅರಿಯದವನಂತೆ ಹಿಂದಿನಿಂದ ಬಂದು ಹೊಸ ಗಾಜು ಕೂರಿಸುವುದು. ಒಮ್ಮೆ ಹುಡುಗ ಕಲ್ಲೆಸೆಯಲು ಕೈಯನ್ನು ಹಿಂದಕ್ಕೆ ಎತ್ತುತ್ತಾನೆ. ಆ ಕೈ ಹಿಂದೆ ನಿಂತಿದ್ದ ಪೋಲೀಸಿನವನಿಗೆ ತಗಲುತ್ತದೆ. ಹುಡುಗ ತಿರುಗಿ ನೋಡುತ್ತಾನೆ. ಮರುಕ್ಷಣವೇ ಆ ಕಲ್ಲು ಆಟದ ಚೆಂಡಾಗುತ್ತದೆ! ಮೇಲಕ್ಕೆ ಎಸೆಯುತ್ತಾನೆ, ಹಿಡಿಯುತ್ತಾನೆ, ಇದರಲ್ಲೇನಿದೆ ಎಂಬಂತೆ ಬಿಸುಡುತ್ತಾನೆ, ಕಾಲಿಗೆ ಬುದ್ಧಿ ಹೇಳುತ್ತಾನೆ. ಒಂದು ವಸ್ತುವನ್ನು ಕಣ್ಣುಮುಚ್ಚಿ ತೆರೆಯುವಷ್ಟರಲ್ಲಿ ಇನ್ನೊಂದಾಗಿ ಮಾಡುವ ಈ ಜಾಣ್ಮೆಗೆ ನಾವು ಎಷ್ಟು ನಕ್ಕರೂ ಸಾಲದು. ಮನೆಯಲ್ಲಿ ಚಾಪೆ ದೋಣಿಯಾಗುವುದು, ಲಟ್ಟಣಿಗೆ ಬ್ಯಾಟಾಗುವುದು ಇದೇ ಜಾಣ್ಮೆಯಿಂದ.

ಅಪ್ಪ-ಮಗನ ಸಂಸಾರವೂ ಹಾಗೆಯೇ. ಮಗ ನಮ್ಮ ದೋಸೆಯಂಥ ತಿಂಡಿ ಹುಯ್ಯುತ್ತಾನೆ. ಅಪ್ಪ ಹಾಸಿಗೆಯಲ್ಲಿ ಬಿದ್ದುಕೊಂಡಿದ್ದಾನೆ. ಹರಿದ ಕಂಬಳಿಯ ತೂತಿನಿಂದ ತಲೆ ಹೊರಹಾಕಿದರೆ ಅಪ್ಪನಿಗೆ ಅದೇ ರಾಜನ ನಿಲುವಂಗಿ. ಅವರ ಕೋಣೆಯಲ್ಲಿ ಇಲ್ಲದ್ದೆಲ್ಲವೂ ಆಟದಿಂದ ಬಂದುಬಿಡುತ್ತದೆ. ಚಾಪ್ಲಿನ್ ಇದನ್ನು ಕೇಳಿ ತಿಳಿದವರಲ್ಲ. ೧೮೯೬ರಲ್ಲಿ, ಏಳು ವರ್ಷದ ಹುಡುಗನಾಗಿದ್ದಾಗ, ಅವರು ತಾಯಿ ಮತ್ತು ಅಣ್ಣನೊಡನೆ ಲಂಡನ್ನಿನ ಲ್ಯಾಂಬೆತ್ ಬಡವರ ಆಶ್ರಮಕ್ಕೆ ಸೇರಬೇಕಾಯಿತು. ಅಲ್ಲಿಂದ ತಾಯಿಯನ್ನು ಬಿಟ್ಟು ಹ್ಯಾನ್‌ವೆಲ್ಲಿನ ಅನಾಥ ಮಕ್ಕಳ ಶಾಲೆಗೆ ಹೋಗಬೇಕಾಯಿತು. ಚಿತ್ರದಲ್ಲಿ ಅನಾಥಾಲಯದವರು ಹುಡುಗನನ್ನು ಗಾಡಿಗೆ ಹಾಕಿಕೊಂಡು ಹೋಗುವಾಗ ಅವನು ಎರಡೂ ಕೈ ಚಾಚಿ ಅಳುತ್ತಾನೆ; ಅಪ್ಪ ಹೆಂಚಿನ ಮಾಡುಗಳ ಮೇಲಿಂದ ಓಡಿ ಓಡಿ ಹಿಂಬಾಲಿಸುತ್ತಾನೆ. ಆ ದೃಶ್ಯ ಬಂದಾಗ ಅದುವರೆಗೆ ನಕ್ಕವರೆಲ್ಲ ಕಣ್ಣೊರಸಿಕೊಳ್ಳುತ್ತಾರೆ.

ಆ ಅಳುವಿನ ಹಿಂದಿನ ಕತೆಯನ್ನು ಚಾಪ್ಲಿನ್ ತಮ್ಮ ಆತ್ಮಕಥೆಯಲ್ಲಿ ಬರೆದಿದ್ದಾರೆ. ಎಷ್ಟು ಹೇಳಿದರೂ ಜಾಕಿಗೆ ಅಳು ಬರಲಿಲ್ಲವಂತೆ. ಕೊನೆಗೆ ಅವನ ತಂದೆ, ಅಳದಿದ್ದರೆ ನಿಜವಾಗಿಯೂ ಆಶ್ರಮಕ್ಕೆ ಕಳುಹಿಸುವುದಾಗಿ ಬೆದರಿಸಿದರು. ಹುಡುಗ ಬಿಕ್ಕಿ ಬಿಕ್ಕಿ ಅತ್ತ. ಕನಿಕರದಿಂದ ಚಾಪ್ಲಿನ್ ಸಮಾಧಾನ ಮಾಡಲು ಹೋದರೆ, ಅಪ್ಪ ತಮಾಷೆಗೆ ಹೇಳಿದ್ದೆಂದು ತನಗೆ ಗೊತ್ತಿತ್ತು ಎಂದು ಹುಡುಗ ಪಿಸುಗುಟ್ಟಿದನಂತೆ! ಆಟವೆಂದು ಗೊತ್ತಿದ್ದೂ ನಿಜವಾಗಿ ಅಳಬಲ್ಲ ಶಕ್ತಿ ಮಗುವಿನದು.

ಆ ಶಕ್ತಿಯಿಂದ ಜಾಕಿ ಕೂಗನ್ ಗಳಿಸಿದ ಹಣ ೩೦ರಿಂದ ೪೦ ಲಕ್ಷ ಡಾಲರ್ ಎಂದು ಲೆಕ್ಕ ಹಾಕುತ್ತಾರೆ. ದೊಡ್ಡವನಾದ ಮೇಲೆ ಕೇಳಿದರೆ ಹಣ ಇರಲಿಲ್ಲ. ತಂದೆ ೧೯೩೫ರಲ್ಲಿ ತೀರಿಹೋಗಿದ್ದರು. ೧೯೩೮ರಲ್ಲಿ ಅವನು ತಾಯಿ ಮತ್ತು ಮಲತಂದೆಯ ಮೇಲೆ ದಾವೆ ಹೂಡಬೇಕಾಯಿತು. ಕೈಗೆ ಬಂದದ್ದು ಸುಮಾರು ೧,೨೬,೦೦೦ ಡಾಲರ್. ಮಕ್ಕಳ ಗಳಿಕೆಯ ಒಂದು ಪಾಲನ್ನು ಅವರ ಹೆಸರಿನಲ್ಲೇ ಕಾದಿಡಲು ಅನುವಾಗುವಂತೆ ಕ್ಯಾಲಿಫೋರ್ನಿಯ ರಾಜ್ಯ ೧೯೩೯ರಲ್ಲಿ ಮಾಡಿದ ಕಾನೂನಿಗೆ ಇಂದಿಗೂ ಕೂಗನ್ನನ ಹೆಸರೇ ಇದೆ. ಮಕ್ಕಳ ಚೇಷ್ಟೆಗಳನ್ನು ಕೈಫೋನಿನಲ್ಲಿ ಹಿಡಿದು ಲೋಕಕ್ಕೆಲ್ಲ ತೋರಿಸಿ ಹಣ ಮಾಡುವ ಈ ಕಾಲದಲ್ಲಿ ಈ ಸಂಗತಿಯನ್ನು ತಾಯಿತಂದೆಯರು ಮರೆಯಬಾರದು. ಮಗುವಿನ ಆಟ ಮಗುವಿನ ಆಸ್ತಿ.

ಕಟ್ಟಿಗೆಯ ತುಂಡಿಗಾಗಿ ಜಗಳ

ಅಮೆರಿಕದ ಇನ್ನೊಬ್ಬ ಚಿತ್ರ ನಿರ್ಮಾಪಕ ಹಾಲ್ ರೋಚ್ ಹೇಳುತ್ತಿದ್ದ ಪ್ರಸಂಗವೊಂದಿದೆ. ಚೆನ್ನಾಗಿ ಅಲಂಕರಿಸಿಕೊಂಡು, ಕಲಿಸಿದ್ದನ್ನು ಒಪ್ಪಿಸುವ ಬಾಲನಟಿಯೊಬ್ಬಳನ್ನು ನೋಡಿ ಬೇಸತ್ತು ಅವರು ಕಿಟಕಿಯ ಹೊರಗೆ ಕಣ್ಣು ಹಾಯಿಸಿದರು. ಎದುರಿನ ಮರದ ಅಡ್ಡೆಯ ಬಳಿ ಕೆಲವು ಮಕ್ಕಳು ಕಟ್ಟಿಗೆಯ ತುಂಡುಗಳಿಗಾಗಿ ವಾದ ಮಾಡುತ್ತಿದ್ದರು. ಎಲ್ಲರಿಗಿಂತ ಚಿಕ್ಕವನ ಕೈಯಲ್ಲಿ ದೊಡ್ಡ ತುಂಡು. ದೊಡ್ಡವನಿಗೆ ಅದೇ ಬೇಕು. ಕೈಗಡಿಯಾರ ನೋಡಿಕೊಂಡರೆ ೧೫ ನಿಮಿಷ ಕಳೆದುಹೋಗಿತ್ತಂತೆ! ಹೀಗೆ ಹುಟ್ಟಿದ್ದು ‘ಅವರ್ ಗ್ಯಾಂಗ್’, ಅಂದರೆ ‘ನಮ್ಮ ದಂಡು’, ಎಂಬ ಪುಟ್ಟ ಚಿತ್ರಗಳ ಮಾಲೆ. ೧೯೨೨ರಲ್ಲಿ ಅದು ಮೊದಲಾಯಿತು.

ಈ ದಂಡಿನ ಮಕ್ಕಳದು ಬಡವರ ಬೀದಿ. ದೊಡ್ಡವರ ಲೋಕದಲ್ಲಿ ಏನೇನಿದೆಯೋ ಅದನ್ನೆಲ್ಲ ಇವರು ಮುರುಕು ಸಾಮಾನಿನಿಂದ ಮತ್ತೆ ಕಟ್ಟುತ್ತಾರೆ. ೧೯೨೪ರ ಒಂದು ಚಿತ್ರದಲ್ಲಿ ರೈಲ್ವೆ ಅಂಗಳದಿಂದ ಓಡಿಸಿದ ತಪ್ಪಿಗೆ ಅವರು ತಮ್ಮದೇ ರೈಲನ್ನೇ ಕಟ್ಟಿ ಓಡಿಸುತ್ತಾರೆ. “ಬರಬೇಡ” ಎಂದರೆ ಅಳುತ್ತ ಕೂಡುವ ಬದಲು “ನಮ್ಮದೇ ಮಾಡಿಕೊಳ್ಳುತ್ತೇವೆ” ಎನ್ನುವ ಈ ಛಲ ಪರಸ್ಥಳದಲ್ಲಿ ಸಂಘ ಕಟ್ಟಿ, ಗ್ರಂಥಾಲಯ ಮಾಡಿ, ನಾಟಕ ಆಡಿದ ನಮ್ಮ ಹಿರಿಯರಿಗೆ ಅಪರಿಚಿತವೇನಲ್ಲ. ಕಪ್ಪು ಮಕ್ಕಳೂ ಬಿಳಿಯ ಮಕ್ಕಳೂ ಈ ದಂಡಿನಲ್ಲಿ ಒಟ್ಟಿಗೆ ಆಡುತ್ತಾರೆ. ಆ ಕಾಲದ ಅಮೆರಿಕದಲ್ಲಿ ಅದು ಸಣ್ಣ ಸಂಗತಿಯಲ್ಲ. ಕಪ್ಪು ಮಕ್ಕಳನ್ನು ಹೀಗಳೆಯುವ ಹಾಸ್ಯವೂ ಅದೇ ಚಿತ್ರಗಳಲ್ಲಿ ನುಸುಳಿದೆ ಎಂಬುದನ್ನೂ ಹೇಳಲೇಬೇಕು. ಇಂದು ನೋಡುವಾಗ ಆ ಭಾಗಗಳು ಮುಳ್ಳಿನಂತೆ ಚುಚ್ಚುತ್ತವೆ. ಅದು ದೊಡ್ಡವರು ಸೇರಿಸಿದ್ದು.

ಮೊದಲ ವರ್ಷಗಳಲ್ಲಿ ಇವುಗಳ ದಿಗ್ದರ್ಶಕರಾಗಿದ್ದವರು ರಾಬರ್ಟ್ ಮ್ಯಾಕ್‌ಗೋವನ್. ಮಕ್ಕಳಲ್ಲಿ ಹಲವರಿಗೆ ಇನ್ನೂ ಓದು ಬಾರದು; ಪಾತ್ರದ ಮಾತು ಬರೆದುಕೊಟ್ಟು ಪ್ರಯೋಜನವಿಲ್ಲ. ದೃಶ್ಯ ತೆಗೆಯುವ ಮೊದಲು ಅವರು ಮಕ್ಕಳಿಗೆ ಕತೆಯನ್ನು ಹೇಳಿ, ಆಮೇಲೆ ಆಡಲು ಬಿಡುತ್ತಿದ್ದರು. ಕ್ಯಾಮರಾ ತಿರುಗುತ್ತಿರುವಾಗಲೂ ಪಕ್ಕದಿಂದ ಕೂಗಿ ಹುರಿದುಂಬಿಸುತ್ತಿದ್ದರು. ಮೂಕಚಿತ್ರದ ದೊಡ್ಡ ಅನುಕೂಲ ಇದೇ. ದನಿ ಮುದ್ರಣವಾಗುವುದಿಲ್ಲವಾದ್ದರಿಂದ ದೊಡ್ಡವರು ಮಗುವಿನ ಜೊತೆ ಮಾತಾಡುತ್ತಲೇ ಚಿತ್ರ ತೆಗೆಯಬಹುದಿತ್ತು. ೧೯೨೯ರಲ್ಲಿ ಈ ಮಾಲೆಗೂ ಮಾತು ಬಂತು. ಅಂದಿನಿಂದ ಚಿತ್ರ ತೆಗೆಯುವಾಗ ಎಲ್ಲರೂ ಬಾಯಿ ಮುಚ್ಚಿರಬೇಕು. ಮಕ್ಕಳು ಮಾತು ಕಂಠಪಾಠ ಮಾಡಿ ಒಪ್ಪಿಸಬೇಕು. ವಾಕ್ಚಿತ್ರಗಳಲ್ಲೂ ಒಳ್ಳೆಯ ಬಾಲನಟರು ಬಂದರು, ನಿಜ. ಆದರೆ ಮೂಕಚಿತ್ರದ ಮಗು ಆಡುತ್ತಿತ್ತು. ಮಾತಿನ ಚಿತ್ರದ ಮಗು ಪಾಠ ಒಪ್ಪಿಸಲು ಕಲಿಯಬೇಕಾಯಿತು.

ತೆರೆಯ ಮೇಲೆ ಕಂಡ ಅಪ್ಪ

ಜಪಾನಿನಲ್ಲಿ ಮೂಕಚಿತ್ರಗಳು ಇತರ ದೇಶಗಳಿಗಿಂತ ಹೆಚ್ಚು ಕಾಲ ಬಾಳಿದವು. ಅಲ್ಲಿ ತೆರೆಯ ಪಕ್ಕದಲ್ಲಿ ನಿಂತು ಕತೆ ಹೇಳುವ ನಿರೂಪಕರಿಗೆ ನಮ್ಮ ಹರಿದಾಸರಿಗಿದ್ದಂಥ ಜನಪ್ರಿಯತೆ ಇತ್ತು. ಯಸುಜಿರೊ ಓಜು ಎಂಬ ದಿಗ್ದರ್ಶಕರು ೧೯೨೯ರಲ್ಲಿ ಒಂದು ಪುಟ್ಟ ಚಿತ್ರ ತೆಗೆದರು: ಕಳ್ಳನೊಬ್ಬ ಒಂದು ಹುಡುಗನನ್ನು ಕದ್ದೊಯ್ಯುತ್ತಾನೆ, ಹುಡುಗನ ತುಂಟಾಟ ತಾಳಲಾರದೆ ತಾನೇ ಹಿಂದಕ್ಕೆ ತಂದುಬಿಡಲು ಹೊರಡುತ್ತಾನೆ! ಆ ಹುಡುಗನಾಗಿ ನಟಿಸಿದ ತೊಮಿಯೊ ಅಓಕಿಗೆ ಚಿತ್ರದ ಹೆಸರೇ ಅಡ್ಡಹೆಸರಾಯಿತು.

೧೯೩೨ರಲ್ಲಿ ಓಜು ಅದೇ ಹುಡುಗನನ್ನು ತಮ್ಮನ ಪಾತ್ರಕ್ಕೆ ಹಾಕಿಕೊಂಡು ‘ಹುಟ್ಟಿದ್ದೇನೋ ಹುಟ್ಟಿದೆ, ಆದರೆ...’ ಎಂಬರ್ಥದ ಹೆಸರಿನ ಚಿತ್ರ ತೆಗೆದರು. ನಮ್ಮಂಥ ಕುಟುಂಬಗಳು ಇದನ್ನು ನೋಡಲೇಬೇಕು. ಏಕೆಂದರೆ ಇದು ಅಪ್ಪನ ನೌಕರಿಗಾಗಿ ಹೊಸ ಜಾಗಕ್ಕೆ ಬಂದ ಮಕ್ಕಳ ಕತೆ. ಮೇಲಧಿಕಾರಿಯ ಮನೆಗೆ ಹತ್ತಿರವಿರಲೆಂದು ಗುಮಾಸ್ತೆ ಅಪ್ಪ ಟೋಕಿಯೋ ನಗರದ ಹೊರವಲಯಕ್ಕೆ ಸಂಸಾರ ತಂದಿದ್ದಾನೆ. ಹೊಸ ಬೀದಿಯ ಹುಡುಗರು ಅಣ್ಣತಮ್ಮಂದಿರನ್ನು ಹೆದರಿಸುತ್ತಾರೆ. ಇವರು ಶಾಲೆ ತಪ್ಪಿಸುತ್ತಾರೆ. ಮೇಷ್ಟರ ಗುರುತನ್ನು ಕಳ್ಳತನದಿಂದ ಬರೆಸಿಕೊಳ್ಳುತ್ತಾರೆ. ಬಲ ಬರಲೆಂದು ಗುಬ್ಬಿಯ ಮೊಟ್ಟೆ ನುಂಗುತ್ತಾರೆ. ಕ್ರಮೇಣ ಆ ದಂಡಿಗೆ ಇವರೇ ನಾಯಕರಾಗುತ್ತಾರೆ. ಅವರದೊಂದು ಆಟವಿದೆ: ನಾಯಕ ಬೆರಳಿನಿಂದ ಸನ್ನೆ ಮಾಡಿದರೆ ಎದುರಿನವನು ಸತ್ತಂತೆ ಬೀಳಬೇಕು, ಇನ್ನೊಂದು ಸನ್ನೆ ಮಾಡಿದ ಮೇಲೆ ಏಳಬೇಕು. ಮೇಲಧಿಕಾರಿಯ ಮಗನೂ ಇವರ ಸನ್ನೆಗೆ ಮಣ್ಣಿನಲ್ಲಿ ಬೀಳುತ್ತಾನೆ.

ಒಂದು ಸಂಜೆ ಮೇಲಧಿಕಾರಿಯ ಮನೆಯಲ್ಲಿ ಅವರೇ ತೆಗೆದ ಚಲಚ್ಚಿತ್ರದ ಪ್ರದರ್ಶನ. ತೆರೆಯ ಮೇಲೆ ಅಪ್ಪ ಬರುತ್ತಾನೆ. ಸಾಹೇಬರನ್ನು ನಗಿಸಲು ಕೋತಿಯಂತೆ ಮುಖ ಸೊಟ್ಟ ಮಾಡುತ್ತಾನೆ. ಎಲ್ಲರೂ ನಗುತ್ತಾರೆ. ಇಬ್ಬರು ಹುಡುಗರು ಮಾತ್ರ ನಗುವುದಿಲ್ಲ. ಬೀದಿಯಲ್ಲಿ ತಾವು ಬೀಳಿಸುವ ಹುಡುಗನ ಅಪ್ಪನ ಮುಂದೆ ತಮ್ಮ ಅಪ್ಪ ಬಿದ್ದಿದ್ದಾನೆ! ಮನೆಗೆ ಬಂದು ರಂಪ ಮಾಡುತ್ತಾರೆ. ಅವರಿಗೆ ಏಕೆ ತಲೆ ಬಾಗಬೇಕು? ಅವರು ಸಂಬಳ ಕೊಡುತ್ತಾರೆ. ಹಾಗಾದರೆ ಸಂಬಳ ತೆಗೆದುಕೊಳ್ಳಬೇಡ. ತೆಗೆದುಕೊಳ್ಳದಿದ್ದರೆ ನಿಮಗೆ ಊಟ ಎಲ್ಲಿಂದ? ಹಾಗಾದರೆ ಊಟವೇ ಬೇಡ ಎಂದು ಮಕ್ಕಳ ಉಪವಾಸ ಸತ್ಯಾಗ್ರಹ. ಅಪ್ಪ ಹೊಡೆಯುತ್ತಾನೆ. ರಾತ್ರಿ, ಮಲಗಿದ ಮಕ್ಕಳನ್ನು ನೋಡುತ್ತ ನಿಂತ ತಾಯಿತಂದೆಯರ ಮನಸ್ಸಿನಲ್ಲಿರುವುದು ಒಂದೇ ಆಸೆ: ಇವರ ಬಾಳು ತಮ್ಮದರಂತೆ ಆಗದಿರಲಿ. ಬೆಳಗ್ಗೆ ಹಸಿವು ಗೆಲ್ಲುತ್ತದೆ. ಅನ್ನದ ಉಂಡೆ ತಿಂದು ರಾಜಿಯಾಗುತ್ತಾರೆ. ದಾರಿಯಲ್ಲಿ ಸಾಹೇಬರ ಮೋಟಾರು ಕಂಡಾಗ, ಹೋಗಿ ನಮಸ್ಕಾರ ಮಾಡಿ ಬಾ ಎಂದು ಅಪ್ಪನಿಗೆ ಮಕ್ಕಳೇ ಹೇಳುತ್ತಾರೆ. ಆ ಕ್ಷಣದಲ್ಲಿ ಅವರು ಸ್ವಲ್ಪ ದೊಡ್ಡವರಾದರು ಎಂದು ನಮಗೆ ಸಂತೋಷವೂ ಆಗುತ್ತದೆ, ಸಂಕಟವೂ ಆಗುತ್ತದೆ.

ನೀರಿನ ಕೊಳವೆಯಿಂದ ಇಲ್ಲಿಗೆ ೩೭ ವರ್ಷ. ಅಂದು ತುಂಟ ಮಾಲಿಯ ಮುಖಕ್ಕೆ ನೀರು ಹಾರಿಸಿದ. ಇಂದು ಅಪ್ಪನ ಮುಖಕ್ಕೆ ಒಂದು ಪ್ರಶ್ನೆ ಎಸೆದ. ಎರಡಕ್ಕೂ ಸಿಕ್ಕಿದ್ದು ಪೆಟ್ಟೇ.

ನಮ್ಮ ಮನೆಯ ಮಾತು

ನಾವು ಊರು ಬಿಟ್ಟು ಬಂದವರು. ನಮ್ಮ ಮಕ್ಕಳಿಗೆ ಹಿತ್ತಲಿಲ್ಲ, ಮಾವಿನ ತೋಪಿಲ್ಲ. ಕುಣಿದರೆ ಕೆಳಮನೆಯವರು ಚಾವಣಿ ಬಡಿಯುತ್ತಾರೆ. ಶಾಲೆ ಮುಗಿದರೆ ಪಾಠ, ಪಾಠ ಮುಗಿದರೆ ಇನ್ನೊಂದು ಪಾಠ. ನಡುವೆ ಸಿಕ್ಕ ಹೊತ್ತನ್ನು ಕೈಫೋನು ನುಂಗುತ್ತದೆ. ಫೋನು ಹಿಡಿದ ಮಗು ಸುಮ್ಮನಿರುತ್ತದೆ, ನಿಜ. ಆದರೆ ಅಲ್ಲಿ ಕೊಳವೆಯ ಮೇಲೆ ಕಾಲಿಡುವವರು ಬೇರೆ ಯಾರೋ, ನಮ್ಮ ಮಗುವಿಗೆ ಉಳಿದದ್ದು ನೋಡುವ ಕೆಲಸ ಮಾತ್ರ. ಇಷ್ಟರ ನಡುವೆಯೂ ಹೊಸ ಬಡಾವಣೆಗೆ ಬಂದ ಮಗು, ಮರಾಠಿಯೋ ತಮಿಳೋ ತೆಲುಗೋ ಒಂದು ಅಕ್ಷರ ಬಾರದಿದ್ದರೂ, ಎರಡು ದಿನದಲ್ಲಿ ಬೀದಿಯ ಆಟಕ್ಕೆ ಸೇರಿಕೊಂಡಿರುತ್ತದೆ. ದೊಡ್ಡವರು ನೆರೆಯವರ ಹೆಸರು ಕೇಳಲು ಆರು ತಿಂಗಳು ತೆಗೆದುಕೊಳ್ಳುತ್ತೇವೆ. ಮಾತಿಗೆ ಮೊದಲೇ ಮನುಷ್ಯರು ಒಂದಾಗಬಲ್ಲರೆಂಬುದನ್ನು ಮೂಕಚಿತ್ರ ತೋರಿಸಿತು. ನಮ್ಮ ಮಕ್ಕಳು ದಿನವೂ ತೋರಿಸುತ್ತಿದ್ದಾರೆ.

ಹಾಗೆಂದು ತುಂಟತನವನ್ನೆಲ್ಲ ಬಿಟ್ಟುಬಿಡಿ ಎಂದು ನಾವು ಹೇಳುವುದಿಲ್ಲ. ಒಲೆ, ವಿದ್ಯುತ್ತು, ಮಹಡಿಯ ಅಂಚು, ಇನ್ನೊಬ್ಬ ಮಗುವಿನ ಕಣ್ಣೀರು ಇವುಗಳ ಹತ್ತಿರ ಬಂದಾಗ ಕಟ್ಟುನಿಟ್ಟು ಬೇಕು. ಉಳಿದ ಕಡೆ, ಕೈಯೆತ್ತುವ ಮೊದಲು ಅರ್ಧ ನಿಮಿಷ ನಿಂತು ನೋಡಬಹುದಲ್ಲವೆ? ಮಗು ಏನನ್ನು ತಿಳಿಯಹೊರಟಿತ್ತು ಎಂಬುದು ಆ ಅರ್ಧ ನಿಮಿಷದಲ್ಲಿ ಕಂಡೀತು. ಪ್ರಶ್ನೆ ನಮ್ಮ ಬಗೆಗೇ ಇದ್ದರೆ, ಪೆಟ್ಟಿನ ಬದಲು ಉತ್ತರ ಕೊಡುವುದು ಲೇಸು. ನಾವು ಯಾರಿಗೆ ಬಾಗುತ್ತೇವೆ, ಏಕೆ ಬಾಗುತ್ತೇವೆ, ಯಾರಿಗಾಗಿ ಊರು ಬಿಟ್ಟು ಬಂದೆವು ಎಂಬುದು ಮಕ್ಕಳಿಗೂ ತಿಳಿದಿರಲಿ. ನಾವು ಹೇಳದಿದ್ದರೂ ಅವರು ನೋಡುತ್ತಲೇ ಇದ್ದಾರೆ.

ಕಡೆಯದಾಗಿ ನಮ್ಮ ಸಂಘಗಳಿಗೆ ಒಂದು ಬಿನ್ನಹ. ಮಕ್ಕಳ ದಿನಾಚರಣೆಯಂದು ಭಾಷಣ ಒಂದನ್ನು ಕಡಿಮೆ ಮಾಡಿ, ಇಂಥ ಚಿತ್ರವೊಂದನ್ನು ದೊಡ್ಡ ತೆರೆಯ ಮೇಲೆ ತೋರಿಸಬಹುದು. ಊರಿನಿಂದ ಬಂದಿರುವ ಅಜ್ಜಿಗೆ ಹಿಂದಿ ಬಾರದು. ಇಲ್ಲೇ ಹುಟ್ಟಿದ ಮೊಮ್ಮಗನಿಗೆ ಅಜ್ಜಿಯ ಕನ್ನಡ ಅರ್ಧ ಮಾತ್ರ ತಿಳಿಯುತ್ತದೆ. ಮಾಲಿಯ ಟೋಪಿ ಹಾರಿದಾಗ ಇಬ್ಬರೂ ಒಂದೇ ಸಲ ನಗುತ್ತಾರೆ. ಅರ್ಥ ಹೇಳಲು ಯಾರೂ ಬೇಕಾಗಿಲ್ಲ. ಮುಂದಿನ ಸಾಲಿನಲ್ಲಿ ಜಮಖಾನೆ ಹಾಸಿ ಮಕ್ಕಳನ್ನು ಕೂರಿಸಿ, ಹಿಂದೆ ಹಿರಿಯರು ಕುರ್ಚಿ ಹಾಕಿಕೊಳ್ಳಲಿ. ಒಂದೇ ಎಚ್ಚರಿಕೆ: ಮರುದಿನ ಬೆಳಗ್ಗೆ ಗಿಡಗಳಿಗೆ ನೀರು ಬಿಡುವವರು ಹಿಂದೆ ಯಾರು ನಿಂತಿದ್ದಾರೆಂದು ಒಮ್ಮೆ ನೋಡಿಕೊಳ್ಳುವುದು ಒಳ್ಳೆಯದು.